ನಾನೇ ಕಟ್ಟಿದ ನಾಡಿಗೆ ಒಂದು ದೇವರ ಹಾಡು ಬೇಕು, ಹೇಗೆ ಬರೆಯಲಿ?

ಹೊಳೆದಂಡೆ

ಎಲ್ಲರಿಗೂ ನಮಸ್ಕಾರ. ನಾನೊಂದು ಕಾದಂಬರಿ ಬರೆಯುತ್ತಿದ್ದೇನೆ. ಅದರ ನಾಡು, ಜನ, ದೇವರು ಎಲ್ಲವೂ ನಾನೇ ಕಟ್ಟಿದ್ದು. ಏಳು ದಿಬ್ಬಗಳ ನಾಡು ಅದು, ನಡುವೆ ಕಾರ್ಹೊಳೆ. ವರ್ಷದಲ್ಲಿ ಜಾಸ್ತಿ ದಿನ ಹೊಳೆಯಲ್ಲಿ ಬರೀ ಮರಳು. ಒಂದು ರಾತ್ರಿ ಇದ್ದಕ್ಕಿದ್ದ ಹಾಗೆ ನೆರೆ ಬರುತ್ತದೆ. ಯಾವ ರಾತ್ರಿ ಅಂತ ಯಾರಿಗೂ ಗೊತ್ತಿರುವುದಿಲ್ಲ. ಹರಿಗೋಲಿನವರ ಬದುಕು ನಿಂತಿರುವುದೇ ಅದರ ಮೇಲೆ. ಆ ನೆರೆಯನ್ನೇ ಅವರು ನೆರೆಯವ್ವ ಅಂತ ಪೂಜೆ ಮಾಡುತ್ತಾರೆ. ನಮ್ಮೂರು ತಲಕಾಡಿನ ಹತ್ತಿರ. ಹಾಗಾಗಿ ಮರಳು, ಹೊಳೆ, ಹರಿಗೋಲು ಬರೆಯುವುದು ಕಷ್ಟ ಆಗಲಿಲ್ಲ.

ತೊಡಕಾಗಿರುವುದು ಒಂದೇ ಹಾಡು. ನೆರೆ ಬರುವ ಕಾಲ ಹತ್ತಿರವಾದಾಗ ಹೆಂಗಸರು ದಂಡೆಗೆ ಹೋಗಿ, ಹರಿಗೋಲುಗಳನ್ನು ಬೋರಲು ಹಾಕಿ, ಅದರ ಚರ್ಮದ ತಳಕ್ಕೆ ಹುಟ್ಟಿನಿಂದ, ಅಂದರೆ ನೀರು ತಳ್ಳುವ ಕೋಲಿನಿಂದ ಬಡಿಯುತ್ತಾ ಹಾಡುತ್ತಾರೆ. ನೆರೆ ಬರುವ ತನಕ ದಿನಾ ರಾತ್ರಿ ಇದು ನಡೆಯುತ್ತದೆ. ಕಥೆಯ ಹುಡುಗಿ ಹೋದ ನೆರೆಯಲ್ಲಿ ತಾಯಿಯನ್ನು ಕಳೆದುಕೊಂಡವಳು. ಈ ಸಲ ಮೊದಲ ಬಾರಿಗೆ ಅವಳೂ ಆ ಹೆಂಗಸರ ಜೊತೆ ಕೂರಬೇಕು. ಇಡೀ ಕಾದಂಬರಿಯ ತೂಕ ಈ ಅಧ್ಯಾಯದ ಮೇಲಿದೆ. ಈಗ ಬರೆದಿರುವ ಹಾಡು ಹೀಗೆ ಶುರುವಾಗುತ್ತದೆ:

ಜಯ ಜಯ ಜಲದೇವಿ ಜಗದ ಮಾತೆ
ನಿನ್ನ ಕರುಣೆಯೆ ನಮಗೆ ಬೆಳಕಿನ ಗಾಥೆ
ಮೊರೆಯ ಕೇಳುತ ಬಾರೆ ಪುಣ್ಯ ನದಿಯೆ
ನಿನ್ನ ಪಾದಕೆ ನಮನ ಕರುಣಾ ನಿಧಿಯೆ

ಇದನ್ನು ಯಾವ ನಾಡಿನ ಯಾವ ದೇವರಿಗೆ ಬೇಕಾದರೂ ಹಾಡಬಹುದು, ಅಲ್ವಾ? ನನ್ನ ದಿಬ್ಬದ ಹೆಂಗಸರ ಬಾಯಲ್ಲಿ ಇದು ಕೂರುತ್ತಿಲ್ಲ. ಓದುವವರಿಗೆ ಇದು ನೂರಾರು ವರ್ಷ ಬಾಯಿಂದ ಬಾಯಿಗೆ ಬಂದ ಹಾಡು ಅನ್ನಿಸಬೇಕು. ಹಾಡಿದ ಮೇಲೆ ಏನೋ ನಡೆದೇ ನಡೆಯುತ್ತದೆ ಅನ್ನುವ ಭಯ ಇರಬೇಕು. ದೇವರ ಹಾಡುಗಳನ್ನು ಹತ್ತಿರದಿಂದ ಕೇಳಿದವರು ಇಲ್ಲಿ ಇದ್ದೀರಿ. ದಯವಿಟ್ಟು ಹೇಳಿ.

ಹನೂರು ಮೇಷ್ಟ್ರು

ನಿಮ್ಮ ನಾಡು ಚೆನ್ನಾಗಿದೆ ತಾಯಿ. ಹರಿಗೋಲನ್ನೇ ವಾದ್ಯ ಮಾಡಿದ್ದು ಓದಿ ಖುಷಿಯಾಯಿತು. ಹಾಡಿನ ಬಗ್ಗೆ ಸ್ವಲ್ಪ ಉದ್ದಕ್ಕೇ ಬರೆಯುತ್ತೇನೆ, ಇದು ನನಗೆ ತುಂಬಾ ಹತ್ತಿರದ ವಿಷಯ.

ನಮ್ಮದು ಮಾದಪ್ಪನ, ಅಂದರೆ ಮಲೆ ಮಹದೇಶ್ವರನ ಒಕ್ಕಲು. ನಾನು ಚಿಕ್ಕವನಿದ್ದಾಗ ಹರಕೆ ಇದ್ದರೆ ಮನೆಗೆ ಅವನ ಕಥೆ ಹಾಡುವ ದೇವರಗುಡ್ಡರನ್ನು ಕರೆಸಿ ಕಥೆ ಮಾಡಿಸುತ್ತಿದ್ದರು. ನಡುಮನೆಯಲ್ಲಿ ಕಂಬಳಿ ಹಾಸುತ್ತಿದ್ದರು. ದೀಪ, ವಿಭೂತಿ, ಒಂದು ಮೊರದಲ್ಲಿ ರಾಗಿ. ಗುಡ್ಡರ ಎಡಗೈಯಲ್ಲಿ ಕಂಚಿನ ಬಟ್ಟಲು. ಬಲಗೈಯಲ್ಲಿ ಗೊಂಡೆ ಕಟ್ಟಿದ ಚಪ್ಪಟೆ ತಾಳ. ಎರಡೂ ಸೇರಿ ಕಂಸಾಳೆ. ಬೀಸು ಕಂಸಾಳೆ ಅಂತ ನೀವು ವೇದಿಕೆಯ ಮೇಲೆ ನೋಡಿರುತ್ತೀರಿ, ಅದು ಕುಣಿತ. ನಾನು ಹೇಳುತ್ತಿರುವುದು ಕೂತು ರಾತ್ರಿಯಿಡೀ ಹಾಡುವ ಕಥೆ. ಮುಂದಾಳು ಒಂದು ಸಾಲು ಎತ್ತುತ್ತಾರೆ, ಹಿಮ್ಮೇಳದವರು ಅದರ ಬಾಲ ಹಿಡಿದು ಎಳೆಯುತ್ತಾರೆ. ಎಳೆಯುವಷ್ಟು ಹೊತ್ತಿನಲ್ಲಿ ಮುಂದಾಳು ಮುಂದಿನ ಸಾಲನ್ನು ಮನಸ್ಸಿನಲ್ಲಿ ಕಟ್ಟಿಕೊಳ್ಳುತ್ತಾರೆ. ನಡುನಡುವೆ ಹಾಡು ನಿಂತು ಮಾತಾಗುತ್ತದೆ, ಮಾತು ಮತ್ತೆ ಹಾಡಾಗುತ್ತದೆ.

ಆ ಕಥೆಯ ಭಾಗಗಳಿಗೆ ಸಾಲು ಅನ್ನುತ್ತಾರೆ. ಸಂಕಮ್ಮನ ಸಾಲು, ಬೇವಿನಹಟ್ಟಿ ಕಾಳಮ್ಮನ ಸಾಲು, ಸರಗೂರಯ್ಯನ ಸಾಲು, ಹೀಗೆ. ನಮ್ಮ ಮನೆಯಲ್ಲಿ ಎಲ್ಲರೂ ಕಾಯುತ್ತಿದ್ದದ್ದು ಸಂಕಮ್ಮನಿಗೆ. ನೀಲೇಗೌಡ ಕಾಡಿಗೆ ಹೊರಡುತ್ತಾನೆ. ಹೋಗುವ ಮುಂಚೆ ಹೆಂಡತಿ ಸಂಕಮ್ಮನ ಹತ್ತಿರ ಭಾಷೆ ಕೇಳುತ್ತಾನೆ, ನಾನಿಲ್ಲದಾಗ ನೀನು ಸರಿಯಾಗಿರುತ್ತೀಯ ಅಂತ. ಅವಳು ಕೊಡುವುದಿಲ್ಲ. ನನ್ನ ನಡತೆ ನನಗೆ ಗೊತ್ತು, ಭಾಷೆ ಯಾಕೆ ಕೊಡಲಿ ಅನ್ನುವ ಹೆಂಗಸು ಅವಳು. ಅವನು ಹಿಂಸೆ ಕೊಡುತ್ತಾನೆ, ಕಟ್ಟಿ ಹಾಕಿ ಹೋಗುತ್ತಾನೆ. ಒಬ್ಬಳೇ ಬಿದ್ದುಕೊಂಡು ಅವಳು ಮಾದಪ್ಪನನ್ನು ಕೂಗುತ್ತಾಳೆ. ಅವಳ ಕೂಗಿಗೆ ಮಾದಪ್ಪ ಬರುತ್ತಾನೆ. ಅವನ ವರದಿಂದ ಕಾರಯ್ಯ ಬಿಲ್ಲಯ್ಯ ಹುಟ್ಟುತ್ತಾರೆ.

ನನ್ನಜ್ಜಿಗೆ ಈ ಕಥೆ ಪೂರ್ತಿ ಬಾಯಿಗೆ ಬರುತ್ತಿತ್ತು. ಆದರೂ ನೀಲೇಗೌಡ ಹಗ್ಗ ತರುವ ಜಾಗ ಬಂದಾಗ ಕೂತಲ್ಲೇ ಅವನಿಗೆ ಶಾಪ ಹಾಕುತ್ತಿದ್ದಳು. ಪಕ್ಕದ ಮನೆಯ ಹೆಂಗಸರು ಸೆರಗು ಬಾಯಿಗೆ ಒತ್ತಿಕೊಂಡು ಅಳುತ್ತಿದ್ದರು. ಮಾದಪ್ಪ ಬಂದ ಕೂಡಲೇ ಮನೆಯೆಲ್ಲ ಉಘೇ ಅನ್ನುತ್ತಿತ್ತು. ಯಾರೂ ಹೇಳಿಕೊಟ್ಟು ಹೇಳಿಸುತ್ತಿದ್ದದ್ದಲ್ಲ. ಆ ಉಘೇ ಬಾಯಿಗೆ ತಾನಾಗೇ ಬರುವ ಹಾಗೆ ಹಾಡು ಅವರನ್ನು ಅಲ್ಲಿಗೆ ತಂದು ನಿಲ್ಲಿಸಿರುತ್ತಿತ್ತು.

ಈಗ ನಿಮ್ಮ ನಾಲ್ಕು ಸಾಲು ನೋಡಿ. ಅದರಲ್ಲಿ ಕೂಗುವ ಹೆಂಗಸು ಯಾರು? ಅವಳ ಕಷ್ಟ ಏನು? ಕರುಣೆ, ಪುಣ್ಯ, ಪಾದ ಎಲ್ಲ ಇದೆ, ಸಂಕಮ್ಮ ಇಲ್ಲ. ದೇವರನ್ನು ಹೊಗಳುವುದಕ್ಕೆ ಕಥೆ ಬೇಕಾಗಿಲ್ಲ. ಕರೆಯುವುದಕ್ಕೆ ಬೇಕು. ಹಿಂದೆ ಒಬ್ಬಳು ಕರೆದಿದ್ದಳು, ಅವತ್ತು ನೀನು ಬಂದಿದ್ದೆ, ಇವತ್ತು ನಾವು ಕರೆಯುತ್ತಿದ್ದೇವೆ, ಈಗಲೂ ಬಾ. ನಮ್ಮ ಕಡೆಯ ದೇವರ ಕಥೆಗಳನ್ನು ನೀವು ಎಷ್ಟೇ ಉದ್ದಕ್ಕೆ ಕೇಳಿ, ಒಳಗೆ ಈ ಮಾತು ಇದ್ದೇ ಇರುತ್ತದೆ. ಹಳೆಯ ಸಾಲವನ್ನು ದೇವರಿಗೆ ನೆನಪು ಮಾಡುವುದು ಅದು. ಮಂಟೇಸ್ವಾಮಿ ಕಥೆ ಹಾಡುವ ನೀಲಗಾರರು ತಂಬೂರಿ ಹಿಡಿದು ಪಲ್ಲವಿಯಲ್ಲಿ ಮತ್ತೆ ಮತ್ತೆ ಬನ್ನಿ ಬನ್ನಿ ಅಂತಲೇ ಕರೆಯುತ್ತಾರೆ. ರಾತ್ರಿಯೆಲ್ಲ ಅದೇ ಕರೆ.

ಇನ್ನೊಂದು ವಿಷಯ. ನಿಮ್ಮ ಹಾಡಿನಲ್ಲಿ ಒಂದೂ ಊರಿನ ಹೆಸರಿಲ್ಲ. ಮಾದಪ್ಪನ ಕಥೆಯಲ್ಲಿ ಅವನು ನಡೆದ ದಾರಿ ಇದೆ. ಸುತ್ತೂರು ಬರುತ್ತದೆ, ಕುಂತೂರು ಬರುತ್ತದೆ. ಮಠದಲ್ಲಿ ಅವನು ರಾಗಿ ಬೀಸುತ್ತಾನೆ. ಯೋಚನೆ ಮಾಡಿ, ಏಳುಮಲೆಯ ಒಡೆಯ ಕೂತು ರಾಗಿ ಬೀಸುವುದು! ಮನೆಯಲ್ಲಿ ದಿನಾ ರಾಗಿ ಬೀಸುತ್ತಿದ್ದ ಹೆಂಗಸಿಗೆ ಅದಕ್ಕಿಂತ ಹತ್ತಿರದ ದೇವರು ಬೇಕಾ? ದಾರಿಯ ಹೆಸರುಗಳು ಕೇಳುವವರ ಕಾಲಿಗೆ ಗೊತ್ತಿರುತ್ತವೆ. ಶಿವರಾತ್ರಿಗೆ, ಯುಗಾದಿಗೆ, ದೀಪಾವಳಿಗೆ ಇವತ್ತಿಗೂ ಜನ ತಾಳಬೆಟ್ಟದಿಂದ ಮೇಲಕ್ಕೆ ನಡೆದೇ ಹೋಗುತ್ತಾರೆ. ನಿಮ್ಮ ನೆರೆಯವ್ವ ಎಲ್ಲಿ ಹುಟ್ಟಿದಳು, ಯಾವ ದಿಬ್ಬದ ಬುಡ ಮುಟ್ಟಿ ಯಾವ ಬಂಡೆ ಸುತ್ತಿ ಬಂದಳು, ಅದೆಲ್ಲ ಹಾಡಿನಲ್ಲಿ ಬರಲಿ. ಓದುವವರಿಗೆ ನಿಮ್ಮ ನಾಡಿನ ನಕ್ಷೆಯೂ ಸಿಕ್ಕಿಬಿಡುತ್ತದೆ. ಪುಸ್ತಕದ ಮೊದಲ ಪುಟದಲ್ಲಿ ಬೇರೆ ಚಿತ್ರ ಬರೆಯುವುದು ಬೇಡ.

ಆಮೇಲೆ ಹಾಡುವ ಹಕ್ಕು. ಕಂಸಾಳೆ ಯಾರು ಬೇಕಾದರೂ ಕೈಗೆ ತೆಗೆದುಕೊಳ್ಳುವ ವಸ್ತು ಆಗಿರಲಿಲ್ಲ. ಹರಕೆ ಹೊತ್ತು, ಗುರುವಿನಿಂದ ದೀಕ್ಷೆ ಪಡೆದು ಗುಡ್ಡ ಆಗಬೇಕು. ಮನೆ ಮನೆಗೆ ಹೋಗಿ ಕೋರಣ್ಯ ಬೇಡಬೇಕು. ಬೆಟ್ಟದಲ್ಲಿ ದೀಪಾವಳಿಗೆ ಹಾಲರವೆ ನಡೆಯುತ್ತದೆ. ಬೇಡಗಂಪಣ ಸಮುದಾಯದ 101 ಹೆಣ್ಣುಮಕ್ಕಳು ಉಪವಾಸ ಇದ್ದು, ಕಾಡಿನ ಒಳಗಿನ ಹಾಲಹಳ್ಳದಿಂದ ನೀರು ಹೊತ್ತು ತರುತ್ತಾರೆ. ನೀರು ಹಳ್ಳದಲ್ಲಿ ಯಾವಾಗಲೂ ಇದೆ. ಆದರೆ ಅವತ್ತು ಅದನ್ನು ಆ ಮಕ್ಕಳೇ ತರಬೇಕು. ನಿಮ್ಮ ದಂಡೆಯಲ್ಲಿ ಯಾರು ಹಾಡಬಹುದು, ಯಾರು ಹಾಡುವ ಹಾಗಿಲ್ಲ? ತಾಯಿ ಸತ್ತ ಹುಡುಗಿ ಈ ವರ್ಷ ಕೂತಿದ್ದಾಳೆ ಅಂದರೆ ಅದಕ್ಕೊಂದು ಕಾರಣ ಇರಬೇಕು. ನನಗೆ ಅನ್ನಿಸುವುದು, ನೆರೆಗೆ ಯಾರನ್ನಾದರೂ ಕೊಟ್ಟ ಮನೆಯ ಹೆಂಗಸಿಗೆ ಮಾತ್ರ ಹುಟ್ಟು ಹಿಡಿಯುವ ಹಕ್ಕು. ಹಾಗೆ ಮಾಡಿದರೆ ದಂಡೆಯ ಮೇಲೆ ಕೂತ ಒಬ್ಬೊಬ್ಬರ ಹಿಂದೆಯೂ ಒಂದು ಸಾವು ಇರುತ್ತದೆ. ನೀವು ಹೇಳದೆಯೇ ಅದು ಓದುವವರಿಗೆ ಗೊತ್ತಾಗುತ್ತದೆ.

ಇಷ್ಟು ತೀರ್ಮಾನ ಮಾಡಿಕೊಂಡು ಆಮೇಲೆ ಪದ ಹುಡುಕಿ. ಅಲ್ಲಿಯ ತನಕ ಪದಗಳ ಹತ್ತಿರ ಹೋಗಲೇಬೇಡಿ.

ನೇಜಿಗದ್ದೆ

ಮೇಷ್ಟ್ರು ಹೇಳಿದ್ದು ಸರಿ ಇದೆ. ನಾನು ಬೆಳ್ತಂಗಡಿ ಕಡೆಯವಳು. ತುಳುನಾಡಿನ ಪಾಡ್ದನದಲ್ಲಿ, ಅಂದರೆ ಬಾಯಿಂದ ಬಾಯಿಗೆ ಬಂದ ತುಳು ಕಥೆ ಹಾಡಿನಲ್ಲಿ, ಇರುವ ಒಂದು ಸಂಗತಿ ನಿಮ್ಮ ಕೆಲಸಕ್ಕೆ ಬರಬಹುದು.

ಕೋಲದ, ಅಂದರೆ ದೈವಕ್ಕೆ ನಡೆಸುವ ಸೇವೆಯ ದಿನ ಮೊದಲು ಎಣ್ಣೆ ಬೂಳ್ಯ ಕೊಡುತ್ತಾರೆ, ಅಂದರೆ ದೈವದ ವೇಷ ಕಟ್ಟುವವರಿಗೆ ಎಣ್ಣೆ, ವೀಳ್ಯ. ಅಲ್ಲಿಗೆ ಆ ಮನುಷ್ಯ ನಮ್ಮ ನಿಮ್ಮ ಹಾಗೆ ಇರುವುದು ಮುಗಿಯುತ್ತಾ ಬರುತ್ತದೆ. ಮುಖಕ್ಕೆ ಅರದಾಳದ ಹಳದಿ ಹಚ್ಚುವಾಗ ಪಾಡ್ದನ ಹೇಳುತ್ತಾರೆ. ಎಷ್ಟೋ ಕಡೆ ಅವರ ಮನೆಯ ಹೆಂಗಸರೇ ತೆಂಬರೆ ಅನ್ನುವ ಸಣ್ಣ ಚರ್ಮವಾದ್ಯ ಬಾರಿಸಿಕೊಂಡು ಹೇಳುವುದು. ದೈವ ಎಲ್ಲಿ ಹುಟ್ಟಿತು, ಯಾವ ಘಟ್ಟ ಇಳಿಯಿತು, ಯಾವ ಗುತ್ತಿನ ಮನೆಗೆ, ಅಂದರೆ ಊರ ಯಜಮಾನರ ಮನೆಗೆ ಬಂತು, ಎಲ್ಲ ಕಥೆಯ ಹಾಗೆ, ಬೇರೆ ಯಾರದ್ದೋ ಸುದ್ದಿ ಹೇಳಿದ ಹಾಗೆ. ಬಂದಿತು, ಹೋಯಿತು, ಕೇಳಿತು. ಆಮೇಲೆ ತೆಂಗಿನ ಗರಿಯ ಸಿರಿ ಕಟ್ಟಿ, ಕಾಲಿಗೆ ಗಗ್ಗರ ಹಾಕಿ, ಆವೇಶ ಬಂದ ಮೇಲೆ ಕಟ್ಟಿದವರ ಬಾಯಲ್ಲಿ ದೈವವೇ ನಾನು ಅನ್ನುತ್ತದೆ. ನಾನು ಬಂದೆ, ನನಗೆ ಕೊಟ್ಟ ಮಾತು ಏನಾಯಿತು. ಆ ಕ್ಷಣದಲ್ಲಿ ಅಂಗಳದಲ್ಲಿ ಕೂತವರೆಲ್ಲ ನೆಟ್ಟಗೆ ಆಗುತ್ತಾರೆ. ನೀವು ಕೇಳಿದ ಭಯ ಇದೇ ಇರಬೇಕು. ನಿಮ್ಮ ಹಾಡು ಕೂಡ ಅವಳು ಅನ್ನುತ್ತಾ ಹೋಗಿ, ಒಂದು ಕಡೆ ನಾನು ಆಗಲಿ.

ಅದೇ ಪಾಡ್ದನವನ್ನು ಗದ್ದೆಯಲ್ಲೂ ಹಾಡುತ್ತಾರೆ. ನೇಜಿ, ಅಂದರೆ ಭತ್ತದ ಸಸಿ ನೆಡುವಾಗ ಒಬ್ಬರು ಹೇಳಿದ್ದನ್ನು ಉಳಿದವರು ಹಿಡಿಯುತ್ತಾರೆ, ಡೆನ್ನ ಡೆನ್ನಾನ ಅಂತ ಸೊಲ್ಲು ಹಾಕಿಕೊಂಡು. ಅಲ್ಲಿ ಯಾರಿಗೂ ಆವೇಶ ಬರುವುದಿಲ್ಲ, ಸೊಂಟ ನೋವು ಮರೆತು ಕೆಲಸ ಸಾಗುತ್ತದೆ. ಸಿರಿ ಅನ್ನುವ ಹೆಂಗಸಿನ ಕಥೆಯ ಸಿರಿ ಪಾಡ್ದನ ಅಂದರೆ ಸಣ್ಣದಲ್ಲ. ನಮ್ಮ ಕಡೆಯ ಗೋಪಾಲ ನಾಯ್ಕರು 1990ರ ಡಿಸೆಂಬರಿನಲ್ಲಿ ಫಿನ್ಲೆಂಡಿನ ಜಾನಪದ ವಿದ್ವಾಂಸ ಲೌರಿ ಹೊಂಕೊ ಅವರಿಗೆ ಹಾಡಿಕೊಟ್ಟದ್ದು 15,683 ಸಾಲು. 1998ರಲ್ಲಿ ಅದು ಪುಸ್ತಕವಾಗಿ ಬಂತು. ಆದರೆ ಸಿರಿ ಜಾತ್ರೆಯ ರಾತ್ರಿ ಯಾರೂ ಆ ಸಾಲುಗಳನ್ನೆಲ್ಲ ಮೊದಲಿನಿಂದ ಕೊನೆಯ ತನಕ ಹಾಡುವುದಿಲ್ಲ. ಹೆಂಗಸರು ಕೈಯಲ್ಲಿ ಹಿಂಗಾರ, ಅಂದರೆ ಅಡಿಕೆಯ ಹೂವು ಹಿಡಿದು ನಿಲ್ಲುತ್ತಾರೆ. ಸಿರಿ ಹುಟ್ಟಿದ್ದೇ ಹಿಂಗಾರದ ಪ್ರಸಾದದಿಂದ ಅಲ್ವಾ. ಸಿರಿಯ ಮಗ ಕುಮಾರ ಆದವರು ಮಾತಾಡಿಸುತ್ತಾರೆ, ನೀನು ಯಾರು ಅಂತ. ಒಬ್ಬಳು ನಾನು ಸಿರಿ ಅನ್ನುತ್ತಾಳೆ, ಒಬ್ಬಳು ಸೊನ್ನೆ, ಒಬ್ಬಳು ಅಬ್ಬಗ, ಒಬ್ಬಳು ದಾರಗ. ಅಬ್ಬಗ ದಾರಗ ಅಕ್ಕತಂಗಿಯರು. ಚೆನ್ನೆಮಣೆ ಆಡುವಾಗ ಜಗಳ ಬಂದು ಅಬ್ಬಗ ಮಣೆಯಿಂದಲೇ ದಾರಗಳಿಗೆ ಹೊಡೆದುಬಿಡುತ್ತಾಳೆ. ತಂಗಿ ಸತ್ತಳು ಅಂತ ತಾನೂ ಬಾವಿಗೆ ಹಾರುತ್ತಾಳೆ. ಮನೆಯಲ್ಲಿ ಇದಕ್ಕಿಂತ ದೊಡ್ಡ ದುಃಖ ಹೊತ್ತ ಎಷ್ಟೋ ಹೆಂಗಸರು ಅವತ್ತು ಅಲ್ಲಿ ನಿಂತು ಅಳುವುದನ್ನು ನೋಡಿದ್ದೇನೆ. ಯಾರ ದುಃಖ ಯಾವುದು ಅಂತ ಬಿಡಿಸಿ ಹೇಳಲು ಆಗುವುದಿಲ್ಲ.

ನಿಮ್ಮ ಹುಡುಗಿಗೂ ಹೀಗೆ ಆಗಬಹುದು. ಹಾಡಿನಲ್ಲಿ ನೆರೆಗೆ ಸಿಕ್ಕು ಮುಳುಗಿದ ಹೆಂಗಸು ಹಳೆಯ ಕಾಲದವಳು, ಆದರೆ ಹುಡುಗಿ ಅಳುವುದು ತನ್ನ ತಾಯಿಗೆ.

ಒಂದು ಮಾತು ಕೇಳಿಕೊಳ್ಳುತ್ತೇನೆ. ನಮ್ಮ ದೈವಗಳ ಪಾಡ್ದನದ ಸಾಲುಗಳನ್ನು, ಹೆಸರುಗಳನ್ನು ಎತ್ತಿ ನಿಮ್ಮ ನಾಡಿನಲ್ಲಿ ಇಡಬೇಡಿ. ಅವು ಇವತ್ತೂ ನಂಬಿ ನಡೆಸುವವರಿರುವ ಸಂಗತಿಗಳು. ದೈವ ಕಟ್ಟುವ ಪಂಬದರು, ಪರವರು, ನಲಿಕೆಯವರು ತಲೆತಲಾಂತರದಿಂದ ಹೊತ್ತು ತಂದದ್ದು. ಹಾಡು ಹೇಗೆ ನಡೆಯುತ್ತದೆ ಅನ್ನುವುದನ್ನು ಕಲಿಯಿರಿ, ಎಷ್ಟು ಬೇಕಾದರೂ ಕಲಿಯಿರಿ. ದೇವರನ್ನು ನೀವೇ ಹುಟ್ಟಿಸಿ. ನೆರೆಯವ್ವ ಅಂತ ಹುಟ್ಟಿಸಿದ್ದೀರಿ, ಅದಕ್ಕೇ ಇಷ್ಟೆಲ್ಲ ಬರೆಯಲು ಮನಸ್ಸಾಯಿತು.

ಅಂಶಗಣ

ನಾನು ಕಟ್ಟುವ ಬಗೆಯ ಬಗ್ಗೆ ಮಾತ್ರ ಹೇಳುತ್ತೇನೆ. ಮಾತೆ, ಗಾಥೆ, ನದಿಯೆ, ನಿಧಿಯೆ ಅಂತ ಸಾಲಿನ ಕೊನೆಯಲ್ಲಿ ಪ್ರಾಸ ಇಟ್ಟಿದ್ದೀರಿ. ಹಾಡು ಇತ್ತೀಚಿನದು ಅನ್ನಿಸುವುದಕ್ಕೆ ಅರ್ಧ ಕಾರಣ ಅದೇ. ಹಳೆಯ ಕನ್ನಡ ಪದ್ಯದ ಪ್ರಾಸ ಸಾಲಿನ ಆರಂಭದಲ್ಲಿ ಇರುತ್ತದೆ, ಎರಡನೆಯ ಅಕ್ಷರದಲ್ಲಿ. ಅದನ್ನು ಹಿಡಿದುಕೊಳ್ಳಿ.

ಅಳತೆಗೆ ತ್ರಿಪದಿ, ಅಂದರೆ ಮೂರು ಸಾಲಿನ ಪದ್ಯ ತೆಗೆದುಕೊಳ್ಳಿ. ಬಾದಾಮಿಯ ಕಪ್ಪೆ ಅರಭಟ್ಟನ ಶಾಸನದಲ್ಲೇ ತ್ರಿಪದಿ ಇದೆ, ಸುಮಾರು 700ನೇ ಇಸವಿಯದು. ಬೀಸುವ ಕಲ್ಲಿನ ಮುಂದೆ ಹಾಡಿದ್ದೂ ಅದನ್ನೇ. ಲೆಕ್ಕದ ಪ್ರಕಾರ 11 ಗಣ, ಗಣ ಅಂದರೆ ಅಕ್ಷರಗಳ ಗುಂಪು. ಮೊದಲ ಎರಡು ಸಾಲಿಗೆ ನಾಲ್ಕು ನಾಲ್ಕು, ಮೂರನೆಯದಕ್ಕೆ ಮೂರು. ಆರನೆಯದು, ಹತ್ತನೆಯದು ಚಿಕ್ಕದಾದ ಬ್ರಹ್ಮಗಣ, ಉಳಿದದ್ದೆಲ್ಲ ಅದಕ್ಕಿಂತ ದೊಡ್ಡ ವಿಷ್ಣುಗಣ. ನೀವು ಲೆಕ್ಕ ಹಿಡಿದು ಬರೆಯಬೇಕಾಗಿಲ್ಲ. ಹಾಡುವವರು ಎಳೆದು, ಕುಗ್ಗಿಸಿ ಸರಿ ಮಾಡಿಕೊಳ್ಳುತ್ತಾರೆ. ಎರಡನೆಯ ಸಾಲಿನ ಭಾಗವನ್ನು ಇನ್ನೊಮ್ಮೆ ಹಾಡಿ ಮೂರಕ್ಕೆ ಹೋಗುವ ರೂಢಿಯೂ ಇದೆ. ಆ ಜಾಗದಲ್ಲಿ ಕರೆಯುವ ಹೆಸರು ಕೂತರೆ ಚೆನ್ನ. ಮೂರನೆಯ ಸಾಲು ಮೋಟು. ಹೇಳಬೇಕಾದದ್ದನ್ನು ಅಲ್ಲೇ ಹೇಳಿ.

ಒಂದು ಕೆಲಸ ಮಾಡಿ. ಹಲಗೆಗೋ ಡಬ್ಬಕ್ಕೋ ಬಡಿಯುತ್ತಾ ಜೋರಾಗಿ ಹಾಡಿ ನೋಡಿ. ಬಾಯಿಗೆ ಸಿಗದ ಪದ ತಾನಾಗೇ ಉದುರುತ್ತದೆ. ಕರುಣಾ ನಿಧಿಯೆ ಅನ್ನುವುದು ಮೊದಲು ಉದುರಬಹುದು.

ಹಡಗಲಿ ಹುಡುಗ

ಸಣ್ಣದೊಂದು ಸೇರಿಸುತ್ತೇನೆ. ನಮ್ಮ ಹೂವಿನಹಡಗಲಿ ತಾಲ್ಲೂಕಿನ ಮೈಲಾರದಲ್ಲಿ ಭರತ ಹುಣ್ಣಿಮೆ ಜಾತ್ರೆಗೆ ಕಾರಣಿಕ, ಅಂದರೆ ವರ್ಷದ ಭವಿಷ್ಯ ನುಡಿಯುತ್ತಾರೆ. ಡೆಂಕನಮರಡಿಯಲ್ಲಿ ಕಣ್ಣು ಹಾಯಿಸಿದಷ್ಟೂ ಜನ. ಡಮರು, ಗಂಟೆ, ಏಳು ಕೋಟಿ ಅನ್ನುವ ಕೂಗು, ಪಕ್ಕದವರ ಮಾತು ಕೇಳುವುದಿಲ್ಲ. ಉಪವಾಸ ಮಾಡಿದ ಗೊರವಯ್ಯ, ಮೈಲಾರಲಿಂಗನ ಭಕ್ತ, ಎತ್ತರದ ಬಿಲ್ಲನ್ನು ಏರಿ ಸದ್ದಲೇ ಅನ್ನುತ್ತಾನೆ. ಅಷ್ಟೂ ಜನ ಒಮ್ಮೆಲೇ ಸುಮ್ನೆ ಆಗುತ್ತಾರೆ. ಎತ್ತಿನ ಕೊರಳ ಗಂಟೆ ಎಲ್ಲೋ ದೂರದಲ್ಲಿ ಅಲ್ಲಾಡಿದ್ದು ಕೇಳುತ್ತದೆ. ಅವನು ಒಂದೇ ಸಾಲು ನುಡಿದು ಮೇಲಿನಿಂದ ಬೀಳುತ್ತಾನೆ, ಕೆಳಗೆ ಹಿಡಿದುಕೊಳ್ಳುತ್ತಾರೆ. ಆ ಒಂದು ಸಾಲಿನ ಮೇಲೆ ವರ್ಷವಿಡೀ ಮಳೆ ಬೆಳೆಯ ಮಾತು ನಡೆಯುತ್ತದೆ.

ನಿಮ್ಮ ಹಾಡಿನಲ್ಲಿ ಹುಟ್ಟಿನ ಬಡಿತ ಎಲ್ಲಿ ನಿಲ್ಲುತ್ತದೆ ಅಂತ ಗುರುತು ಹಾಕಿಕೊಳ್ಳಿ. ನೇಜಿಗದ್ದೆ ಅಕ್ಕ ಹೇಳಿದ ನಾನು ಅನ್ನುವ ಜಾಗ ಅದೇ ಆಗಲಿ.

ಹೊಳೆದಂಡೆ

ಎಲ್ಲರಿಗೂ ಕೈ ಮುಗಿಯುತ್ತೇನೆ. ಓದಿದ ಮೇಲೆ ಹಳೆಯದನ್ನು ಪೂರ್ತಿ ತೆಗೆದು ಹಾಕಿದೆ. ಮೇಷ್ಟ್ರೇ, ನೆರೆಗೆ ಒಬ್ಬರನ್ನು ಕೊಟ್ಟ ಮನೆಯವರಿಗೆ ಮಾತ್ರ ಹುಟ್ಟು ಹಿಡಿಯುವ ಹಕ್ಕು ಅಂತ ನೀವು ಹೇಳಿದ್ದನ್ನು ಹಾಗೇ ತೆಗೆದುಕೊಂಡಿದ್ದೇನೆ. ಅದರಿಂದ ಅಧ್ಯಾಯದ ಆರಂಭವೇ ಬದಲಾಯಿತು. ಹುಡುಗಿ ಸಾಲಿನ ಕೊನೆಯಲ್ಲಿ ಕೂತಿದ್ದಾಳೆ, ಅವಳ ಕೈಯಲ್ಲಿರುವುದು ತಾಯಿಯ ಹುಟ್ಟು. ಕುಳಿಗೇರಿ ಅನ್ನುವುದು ಎರಡನೆಯ ದಿಬ್ಬದ ಕೆಳಗಿನ ಕೇರಿ, ಕರಿಗವಿ ಹೊಳೆ ಹುಟ್ಟುವ ಜಾಗ. ಹಾಡು ಈಗ ಹೀಗಿದೆ:

ದಿಬ್ಬ ಒಂದರ ಮ್ಯಾಲೆ ಕಬ್ಬಕ್ಕಿ ಕೂಗ್ಯಾವೊ
ಹುಬ್ಬೆತ್ತಿ ಹೊಳೆಯ ನೋಡವ್ವ, ನೆರೆಯವ್ವ
ಇಬ್ಬನಿ ಬತ್ತಿ ದಿನವಾಯ್ತು

ಹುಟ್ಟಿದ್ದು ಕರಿಗವಿ, ಬಿಟ್ಟದ್ದು ಕಾರಿರುಳು
ಮೆಟ್ಟಿದ್ದು ಏಳು ಮಳಲ್ದಾರಿ, ನೆರೆಯವ್ವ
ಕಟ್ಟೆಯ ಕಲ್ಲು ಕಾದಾವೊ

ಕಳೆದೊರುಷ ನೀ ಕೊಂಡೆ ಕುಳಿಗೇರಿ ತಾಯ್ಮಗಳ
ಬಳೆಯೊಂದೆ ದಡಕೆ ಕೊಟ್ಟೆವ್ವ, ನೆರೆಯವ್ವ
ಉಳಿದೋರ ಬಿಟ್ಟು ಹರಿಯವ್ವ

ಇಲ್ಲಿ ಹುಟ್ಟಿನ ಬಡಿತ ನಿಲ್ಲುತ್ತದೆ. ಮುಂದಿನದನ್ನು ಮುಂದಾಳು ಅಜ್ಜಿ ಒಬ್ಬಳೇ ಹೇಳುತ್ತಾಳೆ, ಕಣ್ಣು ಮುಚ್ಚಿಕೊಂಡು, ಬೇರೆ ದನಿಯಲ್ಲಿ:

ಬಂದೀನಿ ನಾನೀಗ ನಿಂದೀನಿ, ಮೊಣಕಾಲ
ಸಂದಿಗೆ ನೀರು ತಂದೀನಿ, ಮಕ್ಕಳಿರಾ
ಒಂದು ಹರಿಗೋಲ ಕಡ ಕೊಡಿರೊ

ಕಡ ಕೇಳುವುದು ನಾನು ಮೊದಲೇ ಯೋಚಿಸಿದ್ದಲ್ಲ. ಟೇಬಲ್ಲಿಗೆ ಬಡಿಯುತ್ತಾ ಹಾಡುವಾಗ ಬಾಯಿಗೆ ಬಂತು. ಕೊಟ್ಟ ಹರಿಗೋಲು ವಾಪಸ್ ಬರುವುದಿಲ್ಲ ಅಂತ ದಂಡೆಯಲ್ಲಿ ಕೂತ ಎಲ್ಲರಿಗೂ ಗೊತ್ತು. ಇಷ್ಟಾದರೆ ಸಾಕಾ? ಅವಳು ಕೇಳಿದ ಮೇಲೆ ಏನು ನಡೆಯಬೇಕು ಅಂತ ಹೊಳೆಯುತ್ತಿಲ್ಲ.

ಅಂಶಗಣ

ಕಡ ಕೊಡಿರೊ ಅನ್ನುವುದು ತುಂಬಾ ಚೆನ್ನಾಗಿ ಬಂದಿದೆ, ಅದನ್ನು ಮುಟ್ಟಬೇಡಿ. ಪ್ರಾಸ ನಾಲ್ಕರಲ್ಲೂ ನಿಂತಿದೆ. ನೆರೆಯವ್ವ ಅನ್ನುವುದನ್ನು ಮಾತ್ರ ಮುಂದಾಳಿನ ಬಾಯಿಂದ ತೆಗೆದು ಹಿಮ್ಮೇಳಕ್ಕೆ ಕೊಡಿ. ಆಗ ಮೂರು ಪದ್ಯ ಎಲ್ಲರೂ ಅವಳನ್ನು ಕರೆದಿರುತ್ತಾರೆ. ನಾಲ್ಕನೆಯದರಲ್ಲಿ ಅದೇ ಜಾಗದಲ್ಲಿ ಅವಳು ಮಕ್ಕಳಿರಾ ಅಂತ ತಿರುಗಿ ಕರೆಯುತ್ತಾಳೆ.

ಹನೂರು ಮೇಷ್ಟ್ರು

ಬಳೆಯೊಂದೆ ದಡಕೆ ಕೊಟ್ಟೆವ್ವ. ತಾಯಿ, ಇದನ್ನು ಮನೆಯಲ್ಲಿ ಓದಿ ಹೇಳಿದೆ. ನಮ್ಮವರು ಕೈಯಲ್ಲಿದ್ದ ಕೆಲಸ ಬಿಟ್ಟು ಇನ್ನೊಮ್ಮೆ ಓದಿ ಅಂದರು. ಕುಳಿಗೇರಿಯ ತಾಯಿ ಮಗಳ ಕಥೆಯನ್ನು ಕಾದಂಬರಿಯಲ್ಲಿ ಎಲ್ಲೂ ಬಿಡಿಸಿ ಹೇಳಬೇಡಿ. ಆ ನಾಡಿನವರಿಗೆ ಅದು ಗೊತ್ತಿರುವ ಕಥೆ, ಹಾಡಿನಲ್ಲಿ ಅಷ್ಟು ಬಂದರೆ ಸಾಕು. ಕಳೆದೊರುಷ ಅನ್ನುವುದೂ ಹಾಗೇ ಇರಲಿ. ಎಷ್ಟು ನೂರು ವರ್ಷ ಆದರೂ ಹಾಡುವವರಿಗೆ ಅದು ಕಳೆದ ವರ್ಷವೇ.

ನೇಜಿಗದ್ದೆ

ಅವಳು ಕೇಳಿದ ಮೇಲೆ ಉತ್ತರ ಕೊಡಬೇಕು. ನಮ್ಮಲ್ಲಿ ದೈವ ನುಡಿ ಕೊಟ್ಟ ಮೇಲೆ ಅಂಗಳದವರು ಬಾಯಿ ಮುಚ್ಚಿ ಕೂರುವುದಿಲ್ಲ. ಗುತ್ತಿನ ಯಜಮಾನರು ಮುಂದೆ ನಿಂತು ಮಾತಾಡುತ್ತಾರೆ. ಕೈ ಮುಗಿದೇ ಮಾತಾಡುತ್ತಾರೆ, ಆದರೆ ಕೇಳಬೇಕಾದದ್ದನ್ನು ಕೇಳುತ್ತಾರೆ. ಹೋದ ಸಲ ಒಪ್ಪಿಸಿದ್ದೇವಲ್ಲ, ನಮ್ಮ ಮಕ್ಕಳನ್ನು ಕಾಪಾಡುತ್ತೇನೆ ಅಂದಿದ್ದೆಯಲ್ಲ ಅಂತ. ದೈವವೂ ತನ್ನ ಲೆಕ್ಕ ಹೇಳುತ್ತದೆ. ಆಸ್ತಿಯ ತಕರಾರು, ಅಣ್ಣತಮ್ಮಂದಿರ ಮುನಿಸು ಕೂಡ ಅಲ್ಲಿ ತೀರ್ಮಾನ ಆಗಿದ್ದಿದೆ.

ಹಾಗಾಗಿ ನಾಲ್ಕನೆಯ ಪದ್ಯ ಆದ ಮೇಲೆ ಹಾಡಿನ ಅಳತೆ ಬಿಟ್ಟುಬಿಡಿ. ಮಾತು ಬರಲಿ. ಯಾವ ಮನೆಯ ಹರಿಗೋಲು ಅಂತ ಅಜ್ಜಿಯ ಬಾಯಿಂದಲೇ ನೆರೆಯವ್ವ ಕೇಳಲಿ. ಪ್ರತಿ ವರ್ಷ ಹಿರಿಯ ಹೆಂಗಸರು ಹೇಳುವ ಒಂದು ಸಿದ್ಧ ಉತ್ತರ ಇರುತ್ತದೆ ಅಂತ ಇಟ್ಟುಕೊಳ್ಳಿ, ಒಂದು ಚಿಕ್ಕ ಬುಟ್ಟಿಯ ಹರಿಗೋಲು ಹೆಣೆದು ದೀಪ ಇಟ್ಟು ಬಿಡುತ್ತೇವೆ ತಾಯಿ ಅಂತ ಏನೋ ಒಂದು. ಈ ವರ್ಷ ಅದನ್ನು ಹೇಳುವ ಮುಂಚೆ ಸಾಲಿನ ಕೊನೆಯಲ್ಲಿ ಕೂತ ನಿಮ್ಮ ಹುಡುಗಿ ಎದ್ದು ನಿಲ್ಲಲಿ. ನನ್ನ ಅವ್ವನ ಹರಿಗೋಲನ್ನು ಹೋದ ವರ್ಷ ಕಡ ತೆಗೆದುಕೊಂಡಿದ್ದೆ, ಮೊದಲು ಅದನ್ನು ವಾಪಸ್ ಕೊಡು ಅನ್ನಲಿ. ಅದಕ್ಕೆ ನೆರೆಯವ್ವ ಏನು ಹೇಳುತ್ತಾಳೋ ಅದನ್ನು ನೀವೇ ಬರೆಯಬೇಕು.